ಹಿಟ್ಟಿನ ಕೋಳಿಯೂ ರೇಷ್ಮೆಯ ಮಡಿಯೂ

ಆಯುಧಪೂಜೆಯ ದಿನ ಬೂದುಗುಂಬಳಕಾಯಿಯ ನೆತ್ತಿಯಲ್ಲಿ ತೂತು ಕೊರೆದು, ಕುಂಕುಮ ತುಂಬಿ, ಒಂದೆರಡು ಕಾಸು ಹಾಕಿ, ವಾಹನಕ್ಕೆ ನಿವಾಳಿಸಿ ರಸ್ತೆಗೆ ಅಪ್ಪಳಿಸುತ್ತಾರೆ. ತಿರುಳು ಕೆಂಪಗೆ ಚೆಲ್ಲಿಕೊಳ್ಳುತ್ತದೆ. ಹುಡುಗರು ಕಾಸಿಗೆ ಮುಗಿಬೀಳುತ್ತಾರೆ. ಆ ಕಾಯಿ ಯಾವುದರ ಬದಲಿಗೆ ಬಂದದ್ದೆಂದು ಯಾರೂ ಕೇಳುವುದಿಲ್ಲ. ಬಣ್ಣವೇ ಹೇಳುತ್ತಿರುವಾಗ ಕೇಳುವುದೇನು?

ಕನ್ನಡದಲ್ಲಿ ಇದನ್ನು ಕೇಳಿದ ಕಾವ್ಯ ಒಂದಿದೆ, ಜನ್ನನ ‘ಯಶೋಧರ ಚರಿತೆ’. ಹೊಯ್ಸಳ ವೀರಬಲ್ಲಾಳನಿಂದ ಕವಿಚಕ್ರವರ್ತಿ ಎನಿಸಿಕೊಂಡ ಜನ್ನ ಇದನ್ನು ಬರೆದದ್ದು 1209ರಲ್ಲಿ. ಕಥೆ ಅವನದಲ್ಲ. ಅವನಿಗಿಂತ ಮೊದಲೇ, 959ರಲ್ಲಿ, ಸೋಮದೇವಸೂರಿ ಸಂಸ್ಕೃತದಲ್ಲಿ ‘ಯಶಸ್ತಿಲಕ’ವಾಗಿ ಅದನ್ನು ಹೇಳಿದ್ದ, ವಾದಿರಾಜನೂ ಬರೆದಿದ್ದ. ಜನ್ನನದು ನಾಲ್ಕೇ ಅವತಾರಗಳ ಪುಟ್ಟ ಕಾವ್ಯ, ಹೆಚ್ಚಿನಂಶ ಕಂದಪದ್ಯ. ನಿಧಾನವಾಗಿ ಓದಿದರೂ ಒಂದು ವಾರದ ಮಧ್ಯಾಹ್ನಗಳಲ್ಲಿ ಮುಗಿಯುತ್ತದೆ.

ಕಾಲೇಜಿನಲ್ಲಿ ನಮಗೆ ಪಾಠವಾಗಿದ್ದದ್ದು ಅಮೃತಮತಿಯ ಭಾಗ ಮಾತ್ರ. ಚೆಲುವ ಗಂಡನ ಪಕ್ಕದಲ್ಲಿ ಮಲಗಿದ ರಾಣಿ ನಡುರಾತ್ರಿ ಮಾವುತನ ಹಾಡು ಕೇಳಿ, ಆ ಕುರೂಪಿಗೆ ಮನಸೋಲುವ ಪ್ರಸಂಗ. ಮೇಷ್ಟರು ಅದನ್ನು ತುಟಿಯಂಚಿನ ನಗೆಯಲ್ಲಿ ವಿವರಿಸುತ್ತಿದ್ದರು. ಹುಡುಗಿಯರ ಸಾಲಿನಲ್ಲಿ ನಾವು ತಲೆ ತಗ್ಗಿಸಿ ಕೂರುತ್ತಿದ್ದೆವು. ಹೆಣ್ಣಿನ ಚಂಚಲತೆಗೆ ಉದಾಹರಣೆ, ಪರೀಕ್ಷೆಗೆ ಐದು ಅಂಕ. ಕಾವ್ಯದ ದೊಡ್ಡದೊಂದು ಭಾಗ ಪ್ರಾಣಿಗಳ ಕಥೆ ಎಂಬುದು ನನಗೆ ತಿಳಿದದ್ದು ಎಷ್ಟೋ ವರ್ಷದ ಮೇಲೆ, ಪುಸ್ತಕವನ್ನು ಪೂರ್ತಿ ಓದಿದಾಗ. ಜೀವದಯಾಷ್ಟಮಿಯ ನೋಂಪಿಗೆ ಸಂಬಂಧಪಟ್ಟ ಕಥೆ ಇದು. ವ್ರತ ಹಿಡಿದ ಹೆಂಗಸರು ಇದನ್ನು ಕೇಳಿದ್ದು ಮಾವುತನಿಗಾಗಿ ಅಲ್ಲ ಎಂದುಕೊಳ್ಳುತ್ತೇನೆ.

ಕಥೆ ಮರೆತವರಿಗಾಗಿ ಒಂದೆರಡು ಮಾತು. ಹೆಂಡತಿಯ ನಡತೆ ಕಣ್ಣಾರೆ ಕಂಡ ಯಶೋಧರ ಅದನ್ನು ತಾಯಿಗೆ ನೇರವಾಗಿ ಹೇಳಲಾರದೆ ಕೆಟ್ಟ ಕನಸೆಂದು ಮರೆಮಾಡಿ ಹೇಳುತ್ತಾನೆ. ತಾಯಿ ಚಂದ್ರಮತಿ ಕನಸನ್ನೇ ನಂಬುತ್ತಾಳೆ. ಮಗನಿಗೆ ಕೇಡು ಕಾದಿದೆ, ದೇವಿಗೆ ಬಲಿ ಕೊಡು ಎನ್ನುತ್ತಾಳೆ. ಮಗ ಒಲ್ಲೆನೆನ್ನುತ್ತಾನೆ. ಎಳೆದಾಡಿ ಕೊನೆಗೆ ಇಬ್ಬರೂ ಒಂದು ಮಧ್ಯದಾರಿಗೆ ಬರುತ್ತಾರೆ: ಹಿಟ್ಟಿನಿಂದ ಹುಂಜ ಮಾಡಿ ಅದನ್ನು ಕಡಿಯುವುದು. ಕತ್ತಿ ಬೀಳುತ್ತದೆ, ಹಿಟ್ಟಿನ ಹುಂಜ ಕೂಗುತ್ತದೆ.

ಚಂದ್ರಮತಿಯನ್ನು ಕ್ರೂರಿ ಎಂದು ತಳ್ಳಿಹಾಕುವುದು ಸುಲಭ. ನನಗೆ ಹಾಗೆ ಅನಿಸಿಲ್ಲ. ಮಗನಿಗೆ ಜ್ವರ ಬಿಟ್ಟರೆ ಸಾಕೆಂದು ಸೆರಗಿನ ತುದಿಗೆ ಹರಕೆಯ ಕಾಸು ಕಟ್ಟಿಕೊಂಡ ಎಲ್ಲ ತಾಯಂದಿರ ಸಾಲಿನಲ್ಲಿ ಅವಳೂ ನಿಂತಿದ್ದಾಳೆ. ಅವಳ ಭಯ ನಿಜ, ಪ್ರೀತಿ ನಿಜ. ಸುಳ್ಳು ಇರುವುದು ಮಗ ಹೇಳಿದ ಕನಸಿನಲ್ಲಿ. ಕಾವ್ಯದ ಪೆಟ್ಟು ಬಲವಾಗಿರುವುದೂ ಇದರಿಂದಲೇ. ಇಬ್ಬರು ಒಳ್ಳೆಯವರು ಒಬ್ಬರನ್ನೊಬ್ಬರು ನೋಯಿಸಬಾರದೆಂದು ಮಾಡಿಕೊಂಡ ಒಂದು ರಾಜಿ ಇಷ್ಟೆಲ್ಲಕ್ಕೆ ಕಾರಣವಾಗುತ್ತದೆ.

ಆಮೇಲೆ ಅಮೃತಮತಿ ಇಬ್ಬರಿಗೂ ವಿಷವಿಕ್ಕುತ್ತಾಳೆ. ತಾಯಿ ಮಗ ಪ್ರಾಣಿಗಳಾಗಿ ಹುಟ್ಟುತ್ತಾರೆ. ಜನ್ನ ಇಲ್ಲಿ ತೋರುವ ಧೈರ್ಯ ದೊಡ್ಡದು. ಮಗ ನವಿಲು, ತಾಯಿ ನಾಯಿ. ಆ ನವಿಲು ಸಾಯುವುದು ಆ ನಾಯಿಯ ಬಾಯಲ್ಲೇ. ಮುಂದೊಂದು ಜನ್ಮದಲ್ಲಿ ಯಶೋಧರ ಮೀನಾಗುತ್ತಾನೆ, ಬಲೆಗೆ ಬೀಳುತ್ತಾನೆ, ಅರಮನೆಯ ಅಡುಗೆಮನೆ ಸೇರುತ್ತಾನೆ. ಅವನನ್ನು ಬೇಯಿಸಿ ಬಡಿಸುವುದು ಅವನದೇ ಶ್ರಾದ್ಧದಲ್ಲಿ. ಮಗ ಯಶೋಮತಿ ಭಕ್ತಿಯಿಂದ ತಂದೆಯ ಹೆಸರು ಹೇಳಿ ತಂದೆಯನ್ನೇ ಉಣಬಡಿಸುತ್ತಿದ್ದಾನೆ. ಆಡಾಗಿ ಹುಟ್ಟಿದಾಗ ಅಮೃತಮತಿಯ ಊಟಕ್ಕೆಂದು ಅದರ ಕಾಲು ಕಡಿಯುತ್ತಾರೆ. ಇದನ್ನೆಲ್ಲ ನಮಗೆ ಹೇಳುತ್ತಿರುವವನು ಆ ಮೀನೂ ಆಡೂ ಆಗಿದ್ದವನೇ. ಅಡುಗೆಮನೆಯನ್ನು ಬಾಣಲೆಯ ಒಳಗಿನಿಂದ ತೋರಿಸಿದ ಇನ್ನೊಬ್ಬ ಕವಿಯನ್ನು ನಾನು ಓದಿಲ್ಲ.

ಆದರೆ ನನ್ನದೊಂದು ತಕರಾರು ಇದೆ. ಆ ಮೀನು ರಾಜನಾಗಿದ್ದ ಕಾರಣಕ್ಕೆ ತಾನೆ ನಮ್ಮ ಕರುಳು ಚುರುಕ್ಕೆನ್ನುವುದು? ಅದೇ ಬಲೆಯಲ್ಲಿ ಬಿದ್ದ ಉಳಿದ ಮೀನುಗಳು? ಯಾರ ತಂದೆಯೂ ಆಗಿರದ, ಬರೀ ಮೀನಾದ ಮೀನಿಗೆ ಕಣ್ಣೀರು ಹಾಕುವವರಾರು? ಪ್ರಾಣಿಯನ್ನು ಕಾಪಾಡಲು ಅದರೊಳಗೆ ಒಬ್ಬ ಮನುಷ್ಯನನ್ನು ಕೂರಿಸಬೇಕಾಯಿತಲ್ಲ ಎಂದು ಮೊದಲ ಸಲ ಓದಿದಾಗ ಬೇಸರವೇ ಆಗಿತ್ತು. ಜೈನರ ನಂಬಿಕೆಯಲ್ಲಿ ಇದಕ್ಕೆ ಉತ್ತರ ಇಲ್ಲದಿಲ್ಲ: ಎಲ್ಲ ಜೀವಗಳೂ ಹೀಗೆ ಸುತ್ತುತ್ತಿರುವಾಗ ‘ಬರೀ ಮೀನು’ ಎಂಬುದೇ ಇಲ್ಲ. ಪುನರ್ಜನ್ಮದಲ್ಲಿ ಗಟ್ಟಿ ನಂಬಿಕೆ ಇಲ್ಲದ ನನ್ನಂಥವಳಿಗೆ ಅಷ್ಟು ಸಾಲದು. ನನಗೆ ಒಪ್ಪಿಗೆಯಾಗುವುದು ಶ್ರಾದ್ಧದ ಆ ಒಂದು ದೃಶ್ಯ. ಅಲ್ಲಿ ಯಶೋಮತಿಯ ತಪ್ಪು ಕ್ರೌರ್ಯವಲ್ಲ. ಎಲೆಯ ಮೇಲೆ ಇರುವುದು ಎಲ್ಲಿಂದ ಬಂತು, ಏನಾಗಿತ್ತು ಎಂದು ಅವನು ನೋಡಲಿಲ್ಲ, ಅಷ್ಟೆ.

ನಮ್ಮ ಬೀದಿಯಲ್ಲಿ ಒಬ್ಬಾಕೆ ಮಾರಮ್ಮನಿಗೆಂದು ಹುಂಜ ಬಿಟ್ಟಿದ್ದರು. ಒಂದು ವರ್ಷ ಸಾಕಿದರು; ಅನ್ನದ ಪಾತ್ರೆ ತೊಳೆಯುವ ಮುಂಚೆ ಅಗುಳು ಬಿಡಿಸಿ ಅದರ ಮುಂದೆ ಹಾಕುತ್ತಿದ್ದರು. ಹಬ್ಬದ ಮಾರನೆಯ ದಿನ ನಾನು ಸುಮ್ಮನಿರಲಾರದೆ, “ನಿಮಗೆ ಏನೂ ಅನ್ನಿಸಲಿಲ್ವಾ?” ಎಂದೆ. “ಅನ್ನಿಸದೆ ಏನಕ್ಕಾ? ಎರಡು ದಿನ ಅನ್ನ ಸೇರಲಿಲ್ಲ. ಆದ್ರೆ ನಾನು ಸಾಕಿದ್ದು, ನಾನೇ ಕೊಟ್ಟೆ. ನೀವು ಉಡೋ ರೇಷ್ಮೆ ಹುಳ ಯಾರು ಸಾಕಿದ್ರೋ, ಯಾರು ಬೇಯಿಸಿದ್ರೋ, ನಿಮಗೆ ಗೊತ್ತಾ?” ಎಂದರು. ಅವರ ತವರಿನಲ್ಲಿ ಹುಳ ಸಾಕುತ್ತಿದ್ದರಂತೆ.

ರೇಷ್ಮೆಯ ವಿಷಯ ಹೀಗಿದೆ. ಗೂಡಿನೊಳಗಿನ ಹುಳು ಚಿಟ್ಟೆಯಾಗಿ ಹೊರಬಂದರೆ ಗೂಡು ತೂತಾಗಿ ಎಳೆ ತುಂಡಾಗುತ್ತದೆ. ಅದಕ್ಕೇ ಹುಳುವನ್ನು ಒಳಗೇ ಬಿಸಿಗಾಳಿಯಲ್ಲೋ ಹಬೆಯಲ್ಲೋ ಸಾಯಿಸಿ, ಗೂಡನ್ನು ಕುದಿಯುವ ನೀರಿಗೆ ಹಾಕಿ, ಅಂಟು ಸಡಿಲವಾದ ಮೇಲೆ ನೂಲು ಬಿಚ್ಚುತ್ತಾರೆ. ಒಂದು ಗೂಡಿನ ಎಳೆ ನೂರಾರು ಮೀಟರ್ ಉದ್ದ ಬಂದರೂ ಕೂದಲಿಗಿಂತ ತೆಳು. ಒಂದು ಸೀರೆಗೆ ಸಾವಿರಾರು ಗೂಡು ಬೇಕು. ರಾಮನಗರದ ಗೂಡಿನ ಮಾರುಕಟ್ಟೆಯಲ್ಲಿ ತಟ್ಟೆಗಳಲ್ಲಿ ಹರಡಿದ ಗೂಡುಗಳನ್ನು ನೋಡಿದವರಿಗೆ ಲೆಕ್ಕ ಹೇಳಬೇಕಾಗಿಲ್ಲ. ಆ ಬಟ್ಟೆಯೇ ಅನೇಕ ಮನೆಗಳಲ್ಲಿ ಮಡಿ. ಹತ್ತಿಯದು ಮುಟ್ಟಿದರೆ ಮೈಲಿಗೆ. ರೇಷ್ಮೆಗೆ ಮೈಲಿಗೆ ತಾಗದು. ಅದನ್ನು ಉಟ್ಟು, ದೇವರ ಮುಂದೆ ಕೂತು, ನಮ್ಮದು ಸಾತ್ವಿಕ ಪೂಜೆ, ರಕ್ತದ ಸೋಂಕಿಲ್ಲ ಎಂದುಕೊಳ್ಳುತ್ತೇವೆ. ಹಾಲಿನ ಮಾತೂ ಅಷ್ಟೆ. ಸೀಮೆಹಸುವಿಗೆ ಹುಟ್ಟಿದ ಗಂಡುಕರು ಏನಾಯಿತೆಂದು ಪ್ಯಾಕೆಟ್ಟಿನ ಮೇಲೆ ಬರೆದಿರುವುದಿಲ್ಲ.

ಜನ್ನನ ರಾಜ ಪ್ರಾಣಿಯಿಲ್ಲದೆ ಕೊಂದ, ಕೈಯಲ್ಲಿದ್ದದ್ದು ಬರೀ ಸಂಕಲ್ಪ. ನಾವು ಸಂಕಲ್ಪವಿಲ್ಲದೆ ಕೊಲ್ಲುತ್ತೇವೆ. ನಮ್ಮ ಪಾಲಿಗೆ ಬರುವುದು ಮಡಿಚಿಟ್ಟ ಸೀರೆ, ಗಂಟು ಹಾಕಿದ ಕಪ್ಪು ಚೀಲ. ಹಿಟ್ಟಿನ ಹುಂಜಕ್ಕೆ ಅಷ್ಟು ಜನ್ಮಗಳ ಶಿಕ್ಷೆ ಎಂಬುದು ಅತಿಯಾಯಿತು ಎಂದು ನಗುವ ವಿಮರ್ಶಕರಿದ್ದಾರೆ. ನನಗೆ ಅದು ಅತಿಯಲ್ಲ. ಕೈ ಎತ್ತುವಾಗ ಮನಸ್ಸು ಅಲ್ಲೇ ಇತ್ತು ಎಂಬ ಒಂದೇ ಕಾರಣಕ್ಕೆ ಯಶೋಧರನನ್ನು ಕವಿ ಲೆಕ್ಕ ಕೇಳುತ್ತಾನೆ. ಮನಸ್ಸನ್ನೇ ಮನೆಯಲ್ಲಿ ಬಿಟ್ಟು ಅಂಗಡಿಗೆ ಹೋಗುವವರನ್ನು ಏನೆಂದು ಕೇಳುತ್ತಿದ್ದನೋ!

ನಮ್ಮ ರಾಜ್ಯದ ಪ್ರಾಣಿಬಲಿ ನಿಷೇಧ ಕಾಯ್ದೆ 1959ರದು. ದೇವಸ್ಥಾನದ ಆವರಣದಲ್ಲಿ ಬಲಿ ಕೊಡುವಂತಿಲ್ಲ. ಒಳ್ಳೆಯದೇ. ಆದರೆ ಅದು ತಡೆಯುವುದು ಹರಕೆ ಹೊತ್ತ ಬಡವಳ ಒಂದು ಹುಂಜವನ್ನು, ಹತ್ತು ಜನರ ಕಣ್ಣೆದುರು ಆಗುವ ಸಾವನ್ನು. ಗೋಡೆಯ ಹಿಂದಿನದಕ್ಕೆ ಅದು ಅನ್ವಯಿಸದು. ಬಲಿಯ ಜಾತ್ರೆಗಳನ್ನು ಕಂಡರೆ ಮೂಗು ಮುರಿಯುವವರಲ್ಲಿ ಜಾತಿಯ ಹೆಮ್ಮೆ ಎಷ್ಟು, ಜೀವದಯೆ ಎಷ್ಟು ಎಂದು ಬೇರೆ ಮಾಡಿ ನೋಡುವುದು ಕಷ್ಟ.

ಗಿರೀಶ ಕಾರ್ನಾಡರು 1980ರ ‘ಹಿಟ್ಟಿನ ಹುಂಜ’ದಲ್ಲಿ ಈ ಕಥೆಯನ್ನು ತಿರುವಿ ಹಾಕಿದರು. ಅಲ್ಲಿ ಜೈನಧರ್ಮ ರಾಣಿಯದು, ರಾಜ ಅವಳಿಗಾಗಿ ಅದನ್ನು ಒಪ್ಪಿದವನು. ಹಾಗಾಗಿ ಹಿಂಸೆಯ ಪ್ರಶ್ನೆ ಕೇಳುವ ಹಕ್ಕು ಹೆಣ್ಣಿಗೆ ಬರುತ್ತದೆ. ನಾಟಕವಾಗಿ ಇದು ಬಿಗಿಯಾದದ್ದು. ಆದರೂ ಅಲ್ಲಿ ಉಳಿಯುವುದು ಮನುಷ್ಯರ ನಡುವಿನ ಜಗಳ. ನವಿಲು, ಮೀನು, ಆಡು ಹೊರಗೇ ಉಳಿದವು. ನನಗೆ ಜನ್ನನೇ ಬೇಕೆನಿಸುವುದು ಇಲ್ಲಿ.

ಜನ್ನನ ಕಾವ್ಯದಲ್ಲಿ ಇನ್ನೊಬ್ಬ ರಾಣಿ ಇದ್ದಾಳೆ, ಪಾಠದಲ್ಲಿ ಯಾರೂ ಹೆಸರೆತ್ತದವಳು: ಯಶೋಮತಿಯ ಹೆಂಡತಿ ಕುಸುಮಾವಳಿ. ತಾಯಿ ಮಗ ಕೊನೆಗೆ ಎರಡು ಕೋಳಿಗಳಾಗಿ ಹುಟ್ಟಿ, ಮುನಿಯ ಮಾತು ಕೇಳಿ, ವ್ರತ ಹಿಡಿದು, ಸಂತೋಷ ತಡೆಯಲಾರದೆ ಕೂಗುತ್ತಾರೆ. ಆ ಕೂಗು ಕೇಳಿದ ಯಶೋಮತಿ, ಸದ್ದಿಗೇ ಗುರಿಯಿಡುವ ತನ್ನ ಬಿಲ್ವಿದ್ಯೆಯನ್ನು ಹೆಂಡತಿಗೆ ತೋರಿಸಲೆಂದು ಬಾಣ ಬಿಡುತ್ತಾನೆ. ಎರಡೂ ಬೀಳುತ್ತವೆ. ಎರಡೂ ಅವಳದೇ ಹೊಟ್ಟೆಯಲ್ಲಿ ಅವಳಿಗಳಾಗಿ ಹುಟ್ಟುತ್ತವೆ: ಅಭಯರುಚಿ, ಅಭಯಮತಿ. ಮುಂದೆ ಮಾರಿದತ್ತನ ಬಲಿಪೀಠದೆದುರು ನಿಂತು ಈ ಕಥೆ ಹೇಳುವವರು ಇವರೇ. ಗಂಡ ತನ್ನನ್ನು ಮೆಚ್ಚಿಸಲು ಕೊಂದ ಹಕ್ಕಿಗಳನ್ನೇ ಒಂಬತ್ತು ತಿಂಗಳು ಹೊತ್ತ ಆ ಹೆಂಗಸಿನ ಬಳಿ ಜನ್ನ ಹೆಚ್ಚು ಹೊತ್ತು ನಿಲ್ಲುವುದಿಲ್ಲ. ಅವನಿಗೆ ಬೇರೆ ಅವಸರವಿದೆ. ಪುಸ್ತಕ ಮುಚ್ಚಿದ ಮೇಲೂ ನಾನು ಯೋಚಿಸುವುದು, ಬಾಣ ಹೂಡಿದ ಆ ಗಳಿಗೆಯಲ್ಲಿ ಅವಳು ಕೋಳಿಗಳ ಕಡೆ ನೋಡುತ್ತಿದ್ದಳೋ ಗಂಡನ ಕಡೆಯೋ ಎಂದು.