ಮಾಲ್ಗುಡಿಗೆ ಜಾಗ ಹುಡುಕಿದವರು

ಲಂಡನ್ನಿನಲ್ಲಿ ನನ್ನದು ಲೊಕೇಶನ್ ಮ್ಯಾನೇಜರ್ ಕೆಲಸ. ಚಿತ್ರೀಕರಣಕ್ಕೆ ಬೀದಿ, ಮನೆ ಹುಡುಕುವುದು, ಅಕ್ಕಪಕ್ಕದವರಿಗೆ ಮುಂಚೆಯೇ ಪತ್ರ ಹಂಚುವುದು, ಕೌನ್ಸಿಲ್‌ನಿಂದ ಅನುಮತಿ ತರುವುದು, ಹಳೆಯ ಕಾಲದ ಕಥೆಯಾದರೆ ರಸ್ತೆಯಂಚಿನ ಹಳದಿ ಗೆರೆ ಮುಚ್ಚಿಸುವುದು. ಮುಗಿದ ಮೇಲೆ ಎಲ್ಲವನ್ನೂ ಮೊದಲಿನಂತೆ ಮಾಡಿ ಬೀಗದ ಕೈ ಒಪ್ಪಿಸುವುದು. "ಸಿನಿಮಾದಲ್ಲಿ ನಿನ್ನ ಹೆಸರು ಎಲ್ಲಿ ಬರುತ್ತೋ?" ಎಂದು ಅಮ್ಮ ಒಮ್ಮೆ ಫೋನಿನಲ್ಲಿ ಕೇಳಿದಳು. "ಕೊನೇಲಮ್ಮ, ಜನ ಎದ್ದು ಹೋದ್ಮೇಲೆ" ಎಂದೆ.

ಇದೇ ಕಣ್ಣಿನಿಂದ ಇತ್ತೀಚೆಗೆ 'ಮಾಲ್ಗುಡಿ ಡೇಸ್' ಮತ್ತೆ ನೋಡಿದೆ. 1986ರಲ್ಲಿ ದೂರದರ್ಶನದಲ್ಲಿ ಬಂದ ಈ ಧಾರಾವಾಹಿಯ ಮಾತು ಬಂದರೆ ನಾವು ಶಂಕರ್ ನಾಗ್ ನಿರ್ದೇಶನ, ಮಾಸ್ಟರ್ ಮಂಜುನಾಥನ ಸ್ವಾಮಿ, ಎಲ್. ವೈದ್ಯನಾಥನ್ ಸಂಗೀತವನ್ನು ನೆನೆಯುತ್ತೇವೆ. ಊರಿನ ಬಗ್ಗೆ "ಆಗುಂಬೆ ಎಷ್ಟು ಚೆಂದ" ಎಂದು ಹೇಳಿ ಮುಗಿಸುತ್ತೇವೆ. ಅದು ಮೆಚ್ಚುಗೆಯಾಯಿತು, ವಿಮರ್ಶೆಯಾಗಲಿಲ್ಲ. ಆ ಕಥೆಗಳಿಗೆ ಆ ಊರನ್ನು ಆರಿಸಿದ್ದು ಸರಿಯೇ ಎಂಬುದು ವಿಮರ್ಶೆಯ ಪ್ರಶ್ನೆ.

ಮೇಲುನೋಟಕ್ಕೆ ಸರಿಯಲ್ಲ. ಆರ್. ಕೆ. ನಾರಾಯಣರ ಮಾಲ್ಗುಡಿ ನದಿ ದಂಡೆಯ ಪಟ್ಟಣ. ಅಲ್ಲಿ ಸರಯೂ ನದಿಯ ಮರಳಿದೆ, ಮಾರ್ಕೆಟ್ ರಸ್ತೆಯಿದೆ, ಮುದ್ರಣಾಲಯವಿದೆ, ರೈಲು ನಿಲ್ದಾಣವಿದೆ. ಆಗುಂಬೆ ಘಟ್ಟದ ನೆತ್ತಿಯ ಪುಟ್ಟ ಊರು, ಮಳೆಗೆ ಹೆಸರಾದದ್ದು. ಅಲ್ಲಿಗೆ ರೈಲಿಲ್ಲ. ಹಾಗಾಗಿ ನಿಲ್ದಾಣವನ್ನು ಶಿವಮೊಗ್ಗ–ತಾಳಗುಪ್ಪ ಮಾರ್ಗದ ಅರಸಾಳಿನಿಂದ ತಂದು ಜೋಡಿಸಿದರು. ಪರದೆಯ ಮೇಲೆ ಆ ಹೊಲಿಗೆ ಕಾಣುವುದೇ ಇಲ್ಲ.

ಆದರೂ ಆಯ್ಕೆ ಗೆದ್ದಿತು. ಏಕೆಂದರೆ ಅವರು ಹುಡುಕಿದ್ದು ಮಾಲ್ಗುಡಿಯ ಭೂಗೋಳವನ್ನಲ್ಲ, ಅದರ ಅಳತೆಯನ್ನು. ಒಬ್ಬ ಹುಡುಗ ನಡೆದೇ ಮುಗಿಸಬಲ್ಲ ಊರು ಬೇಕಿತ್ತು. ಶತಮಾನ ದಾಟಿದ ದೊಡ್ಡಮನೆಯ ಜಗಲಿ, ಕಂಬ, ಒಳಅಂಗಳವನ್ನು ನೋಡಿ: ಹುಡುಗನಿಗೆ ಅಡಗಲು ಜಾಗವಿದೆ, ಅಪ್ಪನಿಗೆ ಕೂತು ವಿಚಾರಿಸಲೂ ಜಾಗವಿದೆ. ಕಲಾ ನಿರ್ದೇಶಕ ಜಾನ್ ದೇವರಾಜ್ ಊರಿನ ನಡುವೆ ಸರ್ ಫ್ರೆಡರಿಕ್ ಲಾಲಿಯ ಪ್ರತಿಮೆ ನಿಲ್ಲಿಸಿದರು. ಅದೊಂದರಿಂದಲೇ ಮಲೆನಾಡಿನ ಬೀದಿಗೆ ಬ್ರಿಟಿಷರ ಕಾಲದ ಇತಿಹಾಸ ಬಂತು. 1975ರ 'ಶೋಲೆ'ಗಾಗಿ ರಾಮನಗರದ ಬಂಡೆಗಳ ನಡುವೆ ಕಲಾ ನಿರ್ದೇಶಕ ರಾಮ್ ಯಡೇಕರ್ ಇಡೀ ಹಳ್ಳಿಯನ್ನೇ ಕಟ್ಟಿದ್ದರು. ಆ ಕಥೆಗೆ ಅದು ಬೇಕಿತ್ತು. ಇಲ್ಲಿ ಇದ್ದ ಊರಿಗೆ ಸ್ವಲ್ಪವೇ ಸೇರಿಸಿದರು, ಅದು ಸಾಕಾಯಿತು.

ಕಳೆದುಕೊಂಡದ್ದೂ ಉಂಟು. ಪಾಚಿ ಹಿಡಿದ ಹಂಚು, ಕಣ್ಣು ತುಂಬುವ ಹಸಿರಿನಲ್ಲಿ ನಾರಾಯಣರ ಬಿಸಿಲು, ಧೂಳು ತಣ್ಣಗಾಗಿವೆ. ಪೇಟೆಯ ಗದ್ದಲ ಬೇಕಾದ ಕಥೆಗಳಲ್ಲಿ ಬೀದಿ ತೀರಾ ಖಾಲಿ ಎನಿಸುತ್ತದೆ. ಊರಿನಿಂದ ದೂರವಿರುವ ನಮ್ಮಂಥವರಿಗೆ ಈ ಕೊರತೆ ಬೇಗ ಕಾಣುವುದಿಲ್ಲ. ಹಂಚಿನ ಮನೆ ಕಂಡರೆ ಸಾಕು, ಮನಸ್ಸು ಕರಗುತ್ತದೆ. ನನಗೂ ಮೊದಲ ಸಲ ಕಂಡಿರಲಿಲ್ಲ.

ಕೆಲಸ ಮುಗಿದ ಮೇಲೆ ಜಾಗ ತನ್ನ ಪಾಡಿಗೆ ಮರಳಬೇಕು ಎಂಬುದು ನಮ್ಮ ವೃತ್ತಿಯ ನಿಯಮ. ಅರಸಾಳಿನಲ್ಲಿ ತಿರುಗಾಮುರುಗಾ ಆಯಿತು. ಹಳೆಯ ನಿಲ್ದಾಣದ ಕಟ್ಟಡವನ್ನು ರೈಲ್ವೆಯವರು ದುರಸ್ತಿ ಮಾಡಿಸಿ, 2020ರಲ್ಲಿ ಮಾಲ್ಗುಡಿ ವಸ್ತುಸಂಗ್ರಹಾಲಯವಾಗಿ ತೆರೆದರು. ಕಥೆಗೆ ಕೊಟ್ಟ ಜಾಗವನ್ನು ಕಥೆಯೇ ಉಳಿಸಿತು.

ಒಂದು ಸಿನಿಮಾದ ನಟನೆಯನ್ನು ತೂಗುವಷ್ಟೇ ನಿಷ್ಠುರವಾಗಿ ಅದರ ಜಾಗವನ್ನೂ ತೂಗಬೇಕು. ತಪ್ಪಿದ್ದರೆ ಬೈಯಬೇಕು, ಒಪ್ಪಿದರೆ ಹೆಸರು ಹಿಡಿದು ಹೇಳಬೇಕು. ಮುಂದಿನ ಸಲ ಊರಿಗೆ ಹೋದಾಗ ಅಮ್ಮನನ್ನು ಅರಸಾಳಿಗೆ ಕರೆದುಕೊಂಡು ಹೋಗಬೇಕೆಂದಿದ್ದೇನೆ. ನನ್ನ ಕೆಲಸ ಏನೆಂದು ಅವಳಿಗೆ ಅಲ್ಲಿ ತೋರಿಸುವುದು ಸುಲಭ.