ಸಾಕ್ಷಿ ಹೇಳುವವರು ಯಾರು?

ಹಾಸ್ಟೆಲಿನ ಊಟದ ಹಾಲಿನಲ್ಲಿ ಗೋಡೆಗೆ ಬಿಳಿ ಪಂಚೆ ಕಟ್ಟಿ ಆನಂದ್ ಪಟವರ್ಧನ್ ಅವರ ‘ಜೈ ಭೀಮ್ ಕಾಮ್ರೇಡ್’ (2011) ತೋರಿಸಿದೆವು. ಸುಮಾರು ಮೂರು ಗಂಟೆಯ ಸಾಕ್ಷ್ಯಚಿತ್ರ. ಮುಗಿದ ಮೇಲೆ ಒಬ್ಬ ಹುಡುಗ ಎದ್ದು ನಿಂತು, “ಚೆನ್ನಾಗೈತೆ ಸಾರ್. ಆದ್ರೆ ಕ್ಯಾಮೆರಾ ಹಿಡ್ದೋರು ನಮ್ಮೋರಲ್ವಲ್ಲ?” ಅಂದ. ಅವತ್ತು ನನ್ನ ಬಳಿ ಉತ್ತರವಿರಲಿಲ್ಲ.

1997ರ ಜುಲೈ 11ರಂದು ಮುಂಬೈನ ರಮಾಬಾಯಿ ನಗರದಲ್ಲಿ ಅಂಬೇಡ್ಕರ್ ಪ್ರತಿಮೆಗೆ ಚಪ್ಪಲಿ ಹಾರ ಹಾಕಿದ್ದರು. ಪ್ರತಿಭಟಿಸಿದವರ ಮೇಲೆ ಪೊಲೀಸರು ಗುಂಡು ಹಾರಿಸಿದರು. 10 ಮಂದಿ ಸತ್ತರು. ನಾಲ್ಕು ದಿನದ ಮೇಲೆ ದಲಿತ ಕವಿ, ಹಾಡುಗಾರ ವಿಲಾಸ್ ಘೋಗ್ರೆ ನೇಣು ಹಾಕಿಕೊಂಡರು. ಎಡಪಂಥದ ವೇದಿಕೆಗಳಲ್ಲಿ ಹಾಡಿಕೊಂಡು ಬಂದಿದ್ದ ಈ ಮನುಷ್ಯ ಸಾಯುವಾಗ ತಲೆಗೆ ನೀಲಿ ಬಟ್ಟೆ ಕಟ್ಟಿಕೊಂಡಿದ್ದರು. ‘ಜೈ ಭೀಮ್’ಗೂ ‘ಕಾಮ್ರೇಡ್’ಗೂ ನಡುವಿನ ಬಿರುಕು ಇದೇ. ಪಟವರ್ಧನ್ 14 ವರ್ಷ ಇದರ ಬೆನ್ನು ಹತ್ತಿದರು.

ನಮ್ಮ ಬಗ್ಗೆ ಬರುವ ಎಷ್ಟೋ ಚಿತ್ರಗಳಲ್ಲಿ ನಾವು ಬರೀ ಗಾಯ. ಮಲದ ಗುಂಡಿ, ಸುಟ್ಟ ಗುಡಿಸಲು, ಅಳುವ ತಾಯಿ. ಅದರ ಅರ್ಥ ಹೇಳುವ ದನಿ ಮಾತ್ರ ಇನ್ಯಾರದೋ. ನೋಡಿದವರು ಕಣ್ಣೊರೆಸಿಕೊಂಡು ಮನೆಗೆ ಹೋಗ್ತಾರೆ, ಅಷ್ಟೆ. ಈ ಚಿತ್ರದ ದಾರಿ ಬೇರೆ. ಇಲ್ಲಿ ಹಾಡು ಅಲಂಕಾರವಲ್ಲ, ಹಾಡೇ ವಿಚಾರ. ಗ್ಯಾಸ್ ಟ್ಯಾಂಕರಿಗೆ ಬೆಂಕಿ ಇಡಲು ಹೊರಟಿದ್ದರು, ಅದಕ್ಕೇ ಗುಂಡು ಹಾರಿಸಿದೆವು ಎಂದರು ಪೊಲೀಸರು. ಚಿತ್ರ ಅದನ್ನು ನಂಬದೆ ಬಸ್ತಿಯ ಜನರ ಮಾತನ್ನು ಎದುರಿಗಿಟ್ಟು ಪರೀಕ್ಷಿಸುತ್ತದೆ. ಇದರಲ್ಲಿ ಹಾಡಿದ ಕಬೀರ್ ಕಲಾ ಮಂಚ್‌ನ ಶೀತಲ್ ಸಾಠೆ 2013ರಲ್ಲಿ ಬಂಧನಕ್ಕೊಳಗಾದರು. ಪ್ರಭುತ್ವ ಹಾಡಿಗೆ ಹೆದರುತ್ತೆ ಅನ್ನೋದಕ್ಕೆ ಬೇರೆ ಪುರಾವೆ ಬೇಕೆ?

ನಮ್ಮ ಕಂಬಾಲಪಲ್ಲಿಯನ್ನು ನೆನೆಯಿರಿ. 2000ದ ಮಾರ್ಚ್ 11ರಂದು ಏಳು ದಲಿತರನ್ನು ಸುಟ್ಟು ಕೊಂದರು. ಸಾಕ್ಷಿಗಳು ತಿರುಗಿಬಿದ್ದರು, 2006ರಲ್ಲಿ ಆರೋಪಿಗಳೆಲ್ಲ ಬಿಡುಗಡೆಯಾದರು. ಕೂಲಿ ಕೊಡುವವನ ಕಣ್ಣೆದುರೇ ಬದುಕಬೇಕಾದವನು ಕಟಕಟೆಯಲ್ಲಿ ಎಷ್ಟು ಹೊತ್ತು ನಿಂತಾನು? ಅಂಥ ಕಡೆ ಒಂದು ಹಾಡು, ಒಂದು ಚಿತ್ರ ಸಾಕ್ಷಿಯಾಗಿ ಉಳಿಯಬಲ್ಲದು. ಕೋರ್ಟು ಅದನ್ನು ಒಪ್ಪದಿರಬಹುದು, ಊರು ಮರೆಯಲಾರದು.

ಆದ್ದರಿಂದ ಆ ಹುಡುಗನಿಗೆ ಈಗ ಇಷ್ಟು ಹೇಳಬಲ್ಲೆ: ಕ್ಯಾಮೆರಾ ಹಿಡಿದವರು ಯಾರು ಎಂಬುದರ ಜೊತೆಗೆ, ಅದು ನಮ್ಮನ್ನು ಗಾಯವಾಗಿ ಕಂಡಿತೋ ಸಾಕ್ಷಿಯಾಗಿ ಕಂಡಿತೋ ಅಂತಲೂ ಕೇಳು. ಪಟವರ್ಧನ್ ಸಾಕ್ಷಿಯಾಗಿ ಕಂಡಿದ್ದಾರೆ, ಅದನ್ನು ಒಪ್ಪೋಣ. ಹಾಗಂತ ನಿನ್ನ ಪ್ರಶ್ನೆ ಸಾಯೋದಿಲ್ಲ. ಹಾಡನ್ನು ಎಲ್ಲಿ ನಿಲ್ಲಿಸಬೇಕು, ಯಾವ ಮುಖವನ್ನು ಉಳಿಸಬೇಕು ಅಂತ ನಿರ್ಧರಿಸುವುದು ಸಂಕಲನದ ಮೇಜು. 14 ವರ್ಷ ಕಾಯುವ ಅನುಕೂಲ ಪೌರಕಾರ್ಮಿಕರ ಮಗಳಿಗೆ ಎಲ್ಲಿದೆ? ಹಾಡು ಎಂದಿನಿಂದಲೂ ನಮ್ಮದೇ. ಇನ್ನು ಆ ಮೇಜಿನ ಮುಂದೆ ಕುರ್ಚಿ ಎಳೆದುಕೊಂಡು ಕೂರಬೇಕು.