ದೇವರು ಖುಲಾಸೆ ಮಾಡಿದ ಕೊಲೆಗಾರ

ಗುಡ್ಡದೊಳಗಿನ ಗವಿಯೊಂದರಲ್ಲಿ ವಿಚಾರಣೆ ನಡೆಯುತ್ತಿದೆ. ಆರೋಪಿ ಸ್ಯಾಂಡರ್ ಕ್ಲಿಗೇನ್, ‘ಹೌಂಡ್’ ಎಂದೇ ಹೆಸರಾದ ಯೋಧ. ಅವನತ್ತ ಬೆರಳು ತೋರುತ್ತಿರುವವಳು ಆರ್ಯಾ ಎಂಬ ಹುಡುಗಿ. ಅವಳ ಜೊತೆ ಆಡುತ್ತಿದ್ದ ಕಟುಕನ ಮಗ ಮೈಕಾನನ್ನು ಇವನು ಕುದುರೆಯ ಮೇಲೆ ಅಟ್ಟಿಸಿಕೊಂಡು ಹೋಗಿ ಕೊಂದಿದ್ದಾನೆ. ಕೊಂದಿಲ್ಲವೆಂದು ಅವನೂ ಹೇಳುವುದಿಲ್ಲ. ಹುಡುಗ ರಾಜಕುಮಾರನ ಮೇಲೆ ಕೈಮಾಡಿದ್ದ, ನಾನು ರಾಜಕುಮಾರನ ಅಂಗರಕ್ಷಕ ಎನ್ನುತ್ತಾನೆ. ಹೊಡೆದದ್ದು ಅವನಲ್ಲ, ನಾನು ಎಂದು ಆರ್ಯಾ ಕೂಗುತ್ತಾಳೆ. ಮಾತಿಗೆ ಮಾತು ಎದುರಾದಾಗ ಗುಂಪಿನ ನಾಯಕ ಬೆರಿಕ್ ತೀರ್ಪನ್ನು ಬೆಂಕಿದೇವರಿಗೆ ಬಿಡುತ್ತಾನೆ. ತನ್ನದೇ ರಕ್ತ ಸವರಿ ಕತ್ತಿಗೆ ಬೆಂಕಿ ಹೊತ್ತಿಸಿಕೊಂಡು ಕಾಳಗಕ್ಕಿಳಿಯುತ್ತಾನೆ. ಚಿಕ್ಕಂದಿನಲ್ಲಿ ಅಣ್ಣನೇ ಮುಖವನ್ನು ಕೆಂಡಕ್ಕೊತ್ತಿ ಸುಟ್ಟದ್ದರಿಂದ ಬೆಂಕಿ ಕಂಡರೆ ನಡುಗುವ ಸ್ಯಾಂಡರ್, ಆದರೂ, ಗೆಲ್ಲುತ್ತಾನೆ. ದೇವರ ಪ್ರಕಾರ ಅವನು ನಿರಪರಾಧಿ.

ಜಾರ್ಜ್ ಆರ್. ಆರ್. ಮಾರ್ಟಿನ್‌ನ ‘ಎ ಸ್ಟಾರ್ಮ್ ಆಫ್ ಸೋರ್ಡ್ಸ್’ (2000) ಕಾದಂಬರಿಯ ಈ ಪ್ರಸಂಗವನ್ನು ನಾನು ಮೊದಲು ಓದಿದ್ದು ಎಂ.ಎ. ಓದುವಾಗ, ಹಾಸ್ಟೆಲಿನ ಮಂಚದ ಮೇಲೆ. ಸ್ಯಾಂಡರ್ ಉಳಿದುಕೊಂಡಾಗ ನನಗೆ ಖುಷಿಯಾಗಿತ್ತು. ಈಚೆಗೆ ಸಂಶೋಧನೆಗಾಗಿ ಮತ್ತೆ ಓದಿ ಒಂದು ಅಧ್ಯಾಯವನ್ನೂ ಬರೆದೆ. ಆಚರಣೆ, ಬೆಂಕಿ, ಸುಟ್ಟ ಮುಖ, ಅಧಿಕಾರ ಎಲ್ಲವೂ ಅದರಲ್ಲಿ ಬಂದವು. ಕರಡು ಓದಿದ ಮಾರ್ಗದರ್ಶಕರು ಕೇಳಿದ್ದು ಒಂದೇ ಪ್ರಶ್ನೆ: ‘ಸತ್ತವನ ಹೆಸರೇನು?’ ಇಡೀ ಅಧ್ಯಾಯದಲ್ಲಿ ಮೈಕಾನ ಹೆಸರೇ ಇರಲಿಲ್ಲ.

ನಮ್ಮ ಧರ್ಮಶಾಸ್ತ್ರಗಳು ಇಂಥ ಪರೀಕ್ಷೆಯನ್ನು ‘ದಿವ್ಯ’ ಎನ್ನುತ್ತವೆ. ಯಾಜ್ಞವಲ್ಕ್ಯ ಸ್ಮೃತಿ ತಕ್ಕಡಿ, ಬೆಂಕಿ, ನೀರು, ವಿಷ, ಕೋಶ ಎಂಬ ಐದು ದಿವ್ಯಗಳನ್ನು ಹೆಸರಿಸುತ್ತದೆ. ಮನುಷ್ಯರ ಸಾಕ್ಷ್ಯ ಸಿಗದಿದ್ದಾಗ ದಿವ್ಯ. ಮಧ್ಯಯುಗದ ಯುರೋಪಿನಲ್ಲಿ ಕಾದ ಕಬ್ಬಿಣ ಹಿಡಿದವನ ಕೈಗೆ ಬಟ್ಟೆ ಸುತ್ತಿ, ಮೂರು ದಿನದ ಮೇಲೆ ಬಿಚ್ಚಿ ನೋಡುತ್ತಿದ್ದರು. ಗಾಯ ಮಾಯುತ್ತಿದೆಯೋ ಕೀವುಗಟ್ಟಿದೆಯೋ ಎಂದು ಹೇಳುತ್ತಿದ್ದವರು ಮನುಷ್ಯರೇ. 1215ರ ಲ್ಯಾಟರನ್ ಧರ್ಮಸಭೆ ಪಾದ್ರಿಗಳು ಇದರಲ್ಲಿ ಪಾಲ್ಗೊಳ್ಳಕೂಡದೆಂದಿತು. ಕಾಳಗದ ಮೂಲಕ ನ್ಯಾಯ ಕೇಳುವ ಹಕ್ಕಂತೂ ಇಂಗ್ಲೆಂಡಿನ ಕಾನೂನಿನಲ್ಲಿ 1819ರವರೆಗೂ ಉಳಿದಿತ್ತು. ಚರಿತ್ರೆಯ ದಿವ್ಯ ತಪ್ಪಿದರೆ ನಮಗೆ ಸಮಾಧಾನವೊಂದಿದೆ: ದೇವರು ಮಾತಾಡಿರಲಿಲ್ಲ, ಓದಿದವರು ತಪ್ಪು ಓದಿದರು.

ಮಾರ್ಟಿನ್‌ನ ಲೋಕದಲ್ಲಿ ಆ ಸಮಾಧಾನವಿಲ್ಲ. ಎದೆಮೂಳೆಯವರೆಗೆ ಸೀಳಿಹೋದ ಬೆರಿಕ್ ಅದೇ ಗವಿಯಲ್ಲಿ ಮತ್ತೆ ಎದ್ದು ಮಾತಾಡುತ್ತಾನೆ. ಅವನು ಸತ್ತು ಎದ್ದದ್ದು ಅದೇ ಮೊದಲೂ ಅಲ್ಲ. ಅಂದರೆ ಈ ಬೆಂಕಿಗೆ ಶಕ್ತಿ ಇರುವುದು ನಿಜ. ಸತ್ತವನನ್ನು ಎಬ್ಬಿಸಬಲ್ಲ ಶಕ್ತಿ ಕೊಂದವನನ್ನು ಬಿಟ್ಟು ಕಳಿಸಿತು.

ಇದೇ ಕಥಾಸರಣಿಯ ಇನ್ನೆರಡು ಕಾಳಗಗಳನ್ನು ಪಕ್ಕದಲ್ಲಿಟ್ಟು ನೋಡಿ. ಮೊದಲ ಕಾದಂಬರಿಯಲ್ಲಿ (1996) ತಪ್ಪು ಮಾಡದ ಟಿರಿಯನ್ ಬಾಡಿಗೆಯ ಯೋಧನೊಬ್ಬನಿಂದ ಗೆಲ್ಲುತ್ತಾನೆ. ಮೂರನೆಯದರಲ್ಲಿ ಆಗಲೂ ತಪ್ಪು ಮಾಡದ ಅದೇ ಟಿರಿಯನ್ ಸೋಲುತ್ತಾನೆ. ತಪ್ಪು ಮಾಡಿದ ಸ್ಯಾಂಡರ್ ಗೆಲ್ಲುತ್ತಾನೆ. ‘ದೇವರೇ ಇಲ್ಲ’ ಎಂಬ ಸುಲಭದ ತೀರ್ಮಾನಕ್ಕೆ ಬೆರಿಕ್‌ನ ಪುನರ್ಜನ್ಮ ಅಡ್ಡ ಬರುತ್ತದೆ. ನನಗೆ ಕಾಣುವುದು ಇಷ್ಟು: ಇಲ್ಲಿ ಮಾಂತ್ರಿಕತೆ ಎಂದರೆ ಬಲ. ‘ಯಾರು ಬಲಶಾಲಿ’ ಎಂದು ಕೇಳಿದರೆ ಅದು ಉತ್ತರಿಸೀತು, ‘ಯಾರದು ತಪ್ಪು’ ಎಂಬ ಪ್ರಶ್ನೆ ಅದಕ್ಕೆ ತಲುಪುವುದೇ ಇಲ್ಲ.

ಗಿರೀಶ ಕಾರ್ನಾಡರ ‘ನಾಗಮಂಡಲ’ ನೆನಪಾಗುತ್ತದೆ. ಅಲ್ಲಿಯೂ ದಿವ್ಯ ಕೇಳಿದ್ದಕ್ಕಷ್ಟೇ ಉತ್ತರ ಕೊಡುತ್ತದೆ. ಗಂಡನನ್ನೂ ಈ ನಾಗನನ್ನೂ ಬಿಟ್ಟು ಬೇರೊಬ್ಬರನ್ನು ಮುಟ್ಟಿಲ್ಲವೆಂಬ ರಾಣಿಯ ಮಾತು ಅಕ್ಷರಶಃ ನಿಜ, ಹಾವು ಹೆಡೆಯೆತ್ತಿ ನೆರಳಾಗುತ್ತದೆ. ಊರಿನವರು ಅಳೆಯಬೇಕೆಂದಿದ್ದದ್ದು ಬೇರೆ, ದಿವ್ಯ ಅಳೆದದ್ದು ಬೇರೆ. ಆದರೆ ರಾಣಿ ತನ್ನ ಮಾತನ್ನು ತಾನೇ ಆಡುತ್ತಾಳೆ. ಗವಿಯಲ್ಲಿ ಮೈಕಾನ ಮಾತಾಡಲು ಮೈಕಾನಿಲ್ಲ, ಅವನ ಅಪ್ಪನೂ ಇಲ್ಲ. ಅವನ ಪರವಾಗಿ ನಿಂತವಳೂ ದೊಡ್ಡ ಮನೆತನದ ಹುಡುಗಿ.

ಇಲ್ಲೇ ಮಾರ್ಟಿನ್ ಬಗ್ಗೆ ನನ್ನ ತಕರಾರು. ಕಲ್ಪಿತ ಲೋಕದಲ್ಲಿ ಕೊನೆಯ ನ್ಯಾಯಾಧೀಶ ಲೇಖಕನೇ. ಅವನು ಸ್ಯಾಂಡರ್‌ಗೆ ಗಾಯ, ಬಾಲ್ಯ, ಚುರುಕು ಮಾತು ಎಲ್ಲವನ್ನೂ ಕೊಟ್ಟ. ಮೈಕಾನಿಗೆ ಕೊಟ್ಟದ್ದು ಕೆಲವೇ ಪುಟ. ಸಾವನ್ನೂ ನಮ್ಮ ಕಣ್ಣೆದುರು ತರಲಿಲ್ಲ. ಗವಿಯಲ್ಲಿ ದೇವರು ಬಿಟ್ಟದ್ದನ್ನು ಪುಸ್ತಕದ ತುಂಬ ನಾವೂ ಪ್ರೀತಿಯಿಂದ ಬಿಡುತ್ತ ಹೋಗುತ್ತೇವೆ. ನನ್ನ ಕರಡೂ ಅದನ್ನೇ ಮಾಡಿತ್ತು.

ಆದರೆ ಅದೇ ಕಾದಂಬರಿಯ ಕೊನೆಗೆ ಇನ್ನೊಂದು ದೃಶ್ಯವಿದೆ. ಗಾಯ ಕೊಳೆತು ಸಾಯಲು ಬಿದ್ದ ಸ್ಯಾಂಡರ್, ತನ್ನನ್ನು ಕೊಲ್ಲಲೆಂದು ಆರ್ಯಾಳನ್ನು ಕೆರಳಿಸಲು ಮೈಕಾನ ಕೊಲೆಯನ್ನು ತಾನೇ ಎತ್ತಿ ಆಡುತ್ತಾನೆ, ಆಮೇಲೆ ಬಿಕ್ಕುತ್ತಾನೆ. ಅವಳು ಕೊಲ್ಲದೆ ಎದ್ದು ಹೋಗುತ್ತಾಳೆ. ಬೆಂಕಿ ಹೊರಡಿಸದ ಮಾತು ಅಲ್ಲಿ ಯಾವ ದೇವರೂ ಇಲ್ಲದೆ ಹೊರಬಿತ್ತು. ಅದು ಪಶ್ಚಾತ್ತಾಪವೋ ನೋವು ಮುಗಿಸಿಕೊಳ್ಳುವ ಹಂಚಿಕೆಯೋ ಎಂದು ಮಾರ್ಟಿನ್ ಹೇಳುವುದಿಲ್ಲ. ಹೇಳದಿರುವುದೇ ಸರಿ.

ಅಧ್ಯಾಯವನ್ನು ಈಗ ಮೊದಲಿಂದ ಬರೆಯುತ್ತಿದ್ದೇನೆ. ಅದು ಗವಿಯಿಂದ ಶುರುವಾಗುವುದಿಲ್ಲ. ಮಗನ ತುಂಡುಗಳನ್ನು ಚೀಲದಲ್ಲಿ ತಂದುಕೊಟ್ಟಾಗ ಆ ಕಟುಕ ಮೊದಲು ಹಂದಿಯೆಂದುಕೊಂಡನಂತೆ ಎಂದು ಆರ್ಯಾಳ ಕಿವಿಗೆ ಬಿದ್ದ ಸುದ್ದಿಯೊಂದು ಮೊದಲ ಕಾದಂಬರಿಯಲ್ಲಿದೆ. ಅಲ್ಲಿಂದ ಶುರುವಾಗುತ್ತದೆ.